ಕಿರುಚದ ಕುರಾಮೋಚಿ

ಟೋಕಿಯೊದ ನಮ್ಮ ಸ್ಟುಡಿಯೊದಲ್ಲಿ ಸಣ್ಣಪುಟ್ಟ ನಟರಿಗೆಲ್ಲ ಸೇರಿ ಒಂದೇ ದೊಡ್ಡ ಕೋಣೆ. ಅಲ್ಲಿ ನನ್ನ ಪಕ್ಕದ ಚಾಪೆ ಕುರಾಮೋಚಿ ತಾತ್ಸುಜೊನದು. ಹನ್ನೊಂದು ವರ್ಷದಲ್ಲಿ ಅವನ ಬೆನ್ನನ್ನು ಇಡೀ ಜಪಾನ್ ನೋಡಿತ್ತು. ಮುಖವನ್ನು ನೋಡಿದ್ದು ಅವನ ಹೆಂಡತಿ ಮಾತ್ರ.

ನಕ್ಷತ್ರದಿಂದ ಇಳಿದ ದೈತ್ಯ ಪ್ರಾಣಿ ಬೆಂಕಿ ಉಗುಳಿ ಊರು ಸುಡುವಂಥ ಸಿನಿಮಾಗಳು ಆಗಷ್ಟೇ ಶುರುವಾಗಿದ್ದವು. ನಮ್ಮ ಕೆಲಸ ಓಡುವುದು. ರಬ್ಬರ್ ವೇಷದ ಪ್ರಾಣಿ ಬೇರೆ ಶೆಡ್ಡಿನಲ್ಲಿ ಆಟಿಕೆ ಮನೆಗಳನ್ನು ತುಳಿಯುತ್ತಿತ್ತು. ನಮ್ಮೆದುರು ಇದ್ದದ್ದು ತುದಿಗೆ ಕೆಂಪು ಬಟ್ಟೆ ಕಟ್ಟಿದ ಒಂದು ಬಿದಿರು ಗಳ. ಅದನ್ನು ನೋಡಿ ಜೀವ ಬಾಯಿಗೆ ಬರಬೇಕು. ಜಿರಳೆಗೂ ಹೆದರುವ ನನಗೆ ಅದೇನು ಕಷ್ಟವಲ್ಲ.

೧೯೫೫ರಲ್ಲಿ ಕುರಾಮೋಚಿಗೆ ಮೊದಲ ಕ್ಲೋಸಪ್ ಸಿಕ್ಕಿತು. ತೋಫು ಅಂಗಡಿಯವನು ತಲೆಯೆತ್ತಿ ನೋಡಿ, ಕಿರುಚಿ, ಓಡಬೇಕು. ಚೆನ್ನಾಗಿ ಬಂದರೆ ಹೆಸರೂ ಪರದೆಯ ಮೇಲೆ ಬರುತ್ತದೆಂದು ನಿರ್ದೇಶಕರು ಮಾತು ಕೊಟ್ಟಿದ್ದರು.

ಕ್ಯಾಮೆರಾ ತಿರುಗಿತು. ಕುರಾಮೋಚಿ ಗಳ ನೋಡಿದ. ತೆಪ್ಪಗೆ ಒಲೆಗೆ ನೀರು ಸುರಿದು, ಟವೆಲ್ ಒದ್ದೆ ಮಾಡಿ ಮೂಗುಬಾಯಿಗೆ ಬಿಗಿದು, ಅಕ್ಕಿ ಪಾತ್ರೆಯನ್ನು ಕಂಕುಳಲ್ಲಿ ಇರುಕಿಕೊಂಡು ಹೊರಟ.

"ಕಟ್! ಮುಖ ಎಲ್ಲಯ್ಯಾ?"

"ಟವೆಲ್ ಒಳಗಿದೆ, ಗುರುಗಳೇ."

"ಕಿರುಚು ಅಂದ್ರೆ ಅಡುಗೆಮನೆ ಸಾಗಿಸ್ತೀಯಲ್ಲಯ್ಯ!"

"ನಲವತ್ತೈದರ ಮಾರ್ಚಲ್ಲಿ ತಾವೆಲ್ಲಿದ್ರಿ?"

"ಹಳ್ಳೀಲಿ. ಅದ್ಯಾಕೀಗ?"

"ಯುದ್ಧದಲ್ಲಿ ಟೋಕಿಯೊ ಮೇಲೆ ಬೆಂಕಿ ಬಾಂಬ್ ಬಿದ್ದಾಗ ನಾನು ಇಲ್ಲೇ ಹೊಂಜೊ ಬಡಾವಣೇಲಿದ್ದೆ. ಕಿರುಚೋಕೆ ಬಾಯಿ ಬಿಟ್ಟೋರೆಲ್ಲ ಹೊಗೆ ಕುಡಿದು ಅಲ್ಲೇ ಬಿದ್ರು. ಬೆಂಕೀಲಿ ಹೇಗೆ ಓಡ್ಬೇಕು ಅಂತ ನನಗೆ ಯಾರೂ ಕಲಿಸಬೇಕಾಗಿಲ್ಲ."

ನಿರ್ದೇಶಕರು ಒಮ್ಮೆ ಗಡಿಯಾರ ನೋಡಿಕೊಂಡರು.

"ಕೊನೇ ಸಲ ಕೇಳ್ತೀನಿ. ಕಿರುಚ್ತೀಯೋ, ಗುಂಪಿಗೆ ಹೋಗ್ತೀಯೋ?"

ಕುರಾಮೋಚಿ ಸೊಂಟ ಬಗ್ಗಿಸಿ ವಂದಿಸಿದ. ಟವೆಲ್ ಬಿಚ್ಚದೆ ಗುಂಪಿಗೆ ಬಂದು ನಿಂತ.

ಕ್ಲೋಸಪ್ ನನಗೆ ಬಂತು. ನಾಚಿಕೆಯಿಲ್ಲದೆ ಕಿರುಚಿದೆ. ಕಿರುನಾಲಿಗೆ ಕೂಡ ನಟಿಸಿತು. ಆದರೆ ನನ್ನ ಹಿಂದೆ ಓಡಿಬಂದವರು ಒಬ್ಬೊಬ್ಬರಾಗಿ ತೋಫು ಇಡುವ ನೀರಿನ ತೊಟ್ಟಿಯಲ್ಲಿ ಟವೆಲ್ ಅದ್ದಿ, ಬಾಯಿಗೆ ಕಟ್ಟಿಕೊಂಡು, ಸದ್ದಿಲ್ಲದೆ ದಾಟಿಹೋದರು. ಅವರೂ ಆ ಬೆಂಕಿ ಕಂಡವರೇ. ನಿರ್ದೇಶಕರು ಐದು ಸಲ ಬೈದರು. ಐದು ಸಲವೂ ಗುಂಪು ಮತ್ತೆ ಹಾಗೇ ಓಡಿತು. ಬಿಸಿಲು ಇಳಿಯುತ್ತ ಬಂದಿತ್ತು. ನಿರ್ದೇಶಕರು ಸೋತು, ಆರನೆಯ ಟೇಕನ್ನೇ ಸಿನಿಮಾದಲ್ಲಿ ಇಟ್ಟುಕೊಂಡರು.

ಕುರಾಮೋಚಿಯ ಹೆಸರು ಪರದೆಗೆ ಬರಲಿಲ್ಲ. ಆಮೇಲೆ ಒಂಬತ್ತು ವರ್ಷ ಓಡಿದ, ಒಮ್ಮೆಯೂ ಕಿರುಚದೆ. ಬೇಜಾರಿಲ್ಲವಾ ಎಂದು ನಾನೇ ಒಂದು ದಿನ ಕೇಳಿದೆ.

"ನಿನ್ನ ಕ್ಲೋಸಪ್ ನೋಡ್ದೆ ಕಣೋ," ಎಂದ. "ನಿಜವಾದ ಬೆಂಕಿ ಆಗಿದ್ರೆ ಮೂರನೇ ಹೆಜ್ಜೆಗೇ ನೀನು ಸತ್ತಿರ್ತಿದ್ದೆ."