ಕೋಚ್ ಮನೆ ಮಾರಾಟಕ್ಕಿದೆ

ನಮ್ಮ ಕಾಲ್ಡರ್ ವೆಲ್ಸ್‌ನಲ್ಲಿ ಶುಕ್ರವಾರ ಹೈಸ್ಕೂಲಿನ ತಂಡ ಸೋತರೆ ಶನಿವಾರ ಬೆಳಿಗ್ಗೆ ಕೋಚ್ ಮನೆ ಮುಂದಿನ ಹುಲ್ಲಿನಲ್ಲಿ ‘ಮನೆ ಮಾರಾಟಕ್ಕಿದೆ’ ಎಂಬ ಬೋರ್ಡು ಎದ್ದಿರುತ್ತದೆ, ಊರು ಬಿಡು ಎಂಬ ಗೇಲಿ. ಯಾರು ನೆಟ್ಟರು ಎಂದು ಯಾರೂ ಕೇಳುವುದಿಲ್ಲ. ಮಳೆ ಬಂದ ಮರುದಿನ ಅಣಬೆಯನ್ನು ಯಾರು ನೆಟ್ಟರು ಎಂದು ಕೇಳುತ್ತೇವೆಯೇ? ಮನೆ ದಲ್ಲಾಳಿ ಡಾಯ್ಲ್ ಹಕಬಿಯ ಆಫೀಸಿನ ಹಿಂದೆ ಇಂಥ ಬೋರ್ಡುಗಳು ರಾಶಿ ಬಿದ್ದಿರುತ್ತವೆ. ಆ ಷೆಡ್ಡಿಗೆ ಅವನು ಬೀಗ ಹಾಕಿದ್ದನ್ನು ನಾನು ಕಂಡಿಲ್ಲ. ಕೋಚ್ ಮನೆಯ ಮುಂದೆ ತನ್ನ ಹೆಸರು ಪುಕ್ಕಟೆ ನಿಲ್ಲುವಾಗ ಬೀಗದ ಖರ್ಚು ಏಕೆ?

ಕೋಚ್ ಎಂದರೆ ವರ್ಲನ್ ಸ್ಟಬಲ್‌ಫೀಲ್ಡ್. ಹತ್ತೊಂಬತ್ತು ವರ್ಷದಿಂದ ನಮ್ಮ ಎದುರು ಮನೆ. ಕೋಚ್ ಎಂದ ಮೇಲೆ ಸ್ವಲ್ಪ ಕೊಚ್ಚಿಕೊಳ್ಳಬೇಕು, ಇವರಿಗೆ ಅದೊಂದು ವಿದ್ಯೆ ಹತ್ತಲಿಲ್ಲ. ಮಾತು ಕಡಿಮೆ, ಬಾಯಲ್ಲಿ ಸದಾ ಸೂರ್ಯಕಾಂತಿ ಬೀಜ. ಅವರ ಆಟದ ತಂತ್ರವನ್ನು ಊರಿನ ನಾಯಿಗಳೂ ಬಲ್ಲವು: ಎಡಕ್ಕೆ ನುಗ್ಗು, ಬಲಕ್ಕೆ ನುಗ್ಗು, ನಡುವೆ ನುಗ್ಗು, ಆಗಲಿಲ್ಲವೋ, ಚೆಂಡನ್ನು ಒದ್ದು ಎದುರಾಳಿಗೆ ಕೊಟ್ಟು ಬಾ. ನಮ್ಮ ಟೆಕ್ಸಸ್ಸಿನ ಕಾಲ್ಚೆಂಡಾಟದಲ್ಲಿ ಚೆಂಡನ್ನು ಕೈಯಲ್ಲಿ ಹಿಡಿದೇ ಓಡುವುದು, ಕಾಲಿಗೆ ಕೆಲಸ ಬರುವುದು ಕೈಲಾಗದಿದ್ದಾಗ ಮಾತ್ರ. ಅಷ್ಟರಲ್ಲೇ ಅವರು ಸೋತದ್ದಕ್ಕಿಂತ ಹೆಚ್ಚು ಗೆದ್ದರು. ಒಮ್ಮೆ ರಾಜ್ಯದ ಸೆಮಿಫೈನಲ್‌ವರೆಗೆ ಹೋಗಿ ಒಂದೇ ಒಂದು ಅಂಕದಿಂದ ಸೋತರು. ಗೆದ್ದ ಪಂದ್ಯಗಳೆಲ್ಲ ಊರಿಗೆ ಮರೆತುಹೋಗಿವೆ, ಆ ಒಂದು ಅಂಕ ಮಾತ್ರ ನೆನಪಿದೆ.

ಅವರು ಕೆಲಸ ಶುರುಮಾಡಿದ್ದು ಹತ್ತಿ ಗಿರಣಿಯ ಊರೊಂದರಲ್ಲಿ. ಬೆಳಿಗ್ಗೆ ಇತಿಹಾಸದ ಪಾಠ, ಮಧ್ಯಾಹ್ನ ಮಕ್ಕಳಿಗೆ ಕಾರು ಕಲಿಸುವುದು, ಸಂಜೆ ಫುಟ್‌ಬಾಲ್. ಗುರುವಾರ ಮೈದಾನಕ್ಕೆ ಸುಣ್ಣದ ಗೆರೆ ಎಳೆಯುವವರೂ ಅವರೇ, ಶುಕ್ರವಾರ ತಂಡದ ಬಸ್ಸು ಓಡಿಸುವವರೂ ಅವರೇ. ಗೆದ್ದರೆ ಇನ್ನೊಂದು ಊರು ಕರೆಯುತ್ತಿತ್ತು, ಸೋತರೆ ಇದ್ದ ಊರು ಕಳಿಸುತ್ತಿತ್ತು. ಎರಡರಲ್ಲೂ ಪೆಟ್ಟಿಗೆ ಕಟ್ಟುತ್ತಿದ್ದವರು ಹೆಂಡತಿ ಒಲೀಟಾ. ಹೊಸ ಊರಿನಲ್ಲಿ ಅವರು ಪರದೆಗಳಿಗೆ ಅಂಚು ಹೊಲಿಯುತ್ತಿರಲಿಲ್ಲ, ಪಿನ್ನು ಚುಚ್ಚಿ ಬಿಡುತ್ತಿದ್ದರು. ಮುಂದಿನ ಮನೆಯ ಕಿಟಕಿ ಎಷ್ಟು ಎತ್ತರವೋ ಯಾರು ಬಲ್ಲರು?

ಆರು ಊರುಗಳಾದ ಮೇಲೆ ಒಂದು ಸಣ್ಣ ಕಾಲೇಜು ಕರೆಯಿತು. ಆ ದಿನ ಒಲೀಟಾ ಒಂದು ಷರತ್ತು ಹಾಕಿದರಂತೆ.

“ವರ್ಲನ್, ಇದೇ ಕೊನೆ. ಇದಾದ್ಮೇಲೆ ಊರು ಆರಿಸೋದು ನಾನು.”

“ಆಗ್ಲಿ.”

“ಆಗ್ಲಿ ಅಂತ ಬೀಜ ಉಗೀತಾ ಹೇಳ್ಬೇಡ. ನನ್ನ ಮುಖ ನೋಡಿ ಹೇಳು.”

ಮುಖ ನೋಡಿ ಹೇಳಿದರು.

ಕಾಲೇಜಿನಲ್ಲಿ ಆಟ ಕಲಿಸಿದ್ದಕ್ಕಿಂತ ಹುಡುಗರನ್ನು ಹುಡುಕಿ ತರಲು ಊರೂರಿನ ಅಡುಗೆಮನೆಗಳಲ್ಲಿ ಕೂತದ್ದೇ ಹೆಚ್ಚು. ಪ್ರತಿ ತಾಯಿಯೂ ಒಂದು ಪೈ ಬೇಯಿಸಿ ಮುಂದಿಡುತ್ತಿದ್ದಳು: ಪೀಚ್, ಪೆಕಾನ್, ಸಿಹಿಗೆಣಸು. ಕೋಚ್ ಪೈಗೆ ಪೈ ತೀರಿಸಿಯೇ ಏಳುತ್ತಿದ್ದರು. ಎಂಟು ವರ್ಷ ಹೀಗೆ ಸೊಂಟದ ಸುತ್ತಳತೆ ಬೆಳೆಯಿತು, ತಂಡ ಬೆಳೆಯಲಿಲ್ಲ. ಕಾಲೇಜಿಗೆ ಹೊಸ ಅಧ್ಯಕ್ಷರು ಬಂದು ಕೈಕುಲುಕಿ ಮನೆಗೆ ಕಳಿಸಿದರು. ಆಗ ನಮ್ಮ ಊರು ಕರೆಯಿತು. ಕೋಚ್ ಹೆಂಡತಿಯ ಮುಖ ನೋಡಿದರು. ಆಕೆ ಕಿಟಕಿಯ ಆಚೆ ನೋಡಿದರು.

“ಇದೊಂದು,” ಅಂದರಂತೆ ಕೋಚ್.

“ಇದೊಂದು,” ಅಂದರಂತೆ ಒಲೀಟಾ.

ಆ ‘ಇದೊಂದು’ ಹತ್ತೊಂಬತ್ತು ವರ್ಷವಾಯಿತು. ಕಳೆದ ಬೇಸಿಗೆಯಲ್ಲಿ ಒಲೀಟಾ ತಂಗಿಯನ್ನು ನೋಡಲು ಸಮುದ್ರದ ಕಡೆಗೆ ಹೋದವರು ಅಲ್ಲೊಂದು ಮನೆ ನೋಡಿ ಬಂದರು. ಮನೆಯ ಯಜಮಾನತಿ ಕ್ರಿಸ್ಮಸ್‌ವರೆಗೆ ಕಾಯುತ್ತೇನೆ ಎಂದಿದ್ದಳು. ಅಷ್ಟರೊಳಗೆ ಈ ಮನೆ ಮಾರಿಹೋಗಬೇಕು. ಅದಕ್ಕೂ ಮೊದಲು ಇದೇ ನನ್ನ ಕೊನೆಯ ಸೀಸನ್ ಎಂದು ಕೋಚ್ ಊರಿಗೆ ಹೇಳಬೇಕು. ಆಗಸ್ಟಿನಲ್ಲಿ ಹೇಳುತ್ತೇನೆ ಎಂದರು, ಹುಡುಗರ ಮನಸ್ಸು ಕೆಡುತ್ತದೆ ಎಂದು ಬಿಟ್ಟರು. ಸೆಪ್ಟೆಂಬರಿನಲ್ಲಿ ಸತತ ಗೆಲುವು, ಈಗ ಬೇಡ ಎಂದರು. ಅಕ್ಟೋಬರಿನಲ್ಲಿ ಒಂದು ಸೋಲು, ಈಗಂತೂ ಬೇಡವೇ ಬೇಡ ಎಂದರು.

ಒಲೀಟಾ ಕಾಯಲಿಲ್ಲ. ಹಾರ್ಡ್‌ವೇರ್ ಅಂಗಡಿಯಿಂದ ಒಂದು ಬೋರ್ಡು ತಂದು, ಮನೆಯ ಫೋನ್ ನಂಬರ್ ಬರೆದು, ಆ ಶನಿವಾರ ತಾವೇ ಸುತ್ತಿಗೆ ಹಿಡಿದು ನೆಟ್ಟರು. ಡಾಯ್ಲ್‌ಗೆ ಯಾಕೆ ಹೇಳಲಿಲ್ಲವೆಂದರೆ, ಡಾಯ್ಲ್‌ಗೆ ಹೇಳುವುದೂ ಚರ್ಚಿನ ಗಂಟೆ ಹೊಡೆಯುವುದೂ ಒಂದೇ. ಅದನ್ನು ಹೊಡೆಯಬೇಕಾದವರು ಗಂಡ ಎಂದು ಅವರ ಹಟ.

ಎಡವಟ್ಟು ಎಲ್ಲಾಯಿತೆಂದು ಗೊತ್ತಾಯಿತಲ್ಲ? ಹಿಂದಿನ ಸಂಜೆ ನಾವು ಸೋತಿದ್ದೆವು. ಮೂವತ್ತೆಂಟಕ್ಕೆ ಆರು.

ಫೋನು ಒಂದೇ ಸಮನೆ ಬಡಿದುಕೊಂಡಿತು. ಒಲೀಟಾ ಆಸೆಯಿಂದ ಎತ್ತಿದರು.

“ಮನೆ ಜೊತೆ ಕೋಚೂ ಬರ್ತಾರಾ ಮೇಡಂ? ಹಾಗಾದ್ರೆ ಎಷ್ಟು ಕಡಿಮೆ ಮಾಡ್ತೀರಿ?”

ಇನ್ನೊಬ್ಬ: “ಮನೆಗೆ ಹಿಂಬಾಗಿಲು ಇದೆಯಾ? ನಿನ್ನೆ ನಮ್ಮ ಹುಡುಗರಿಗೆ ಒಂದು ಬಾಗಿಲೂ ಸಿಗ್ಲಿಲ್ಲ ನೋಡಿ, ಅದಕ್ಕೆ ಕೇಳ್ದೆ.”

ಮಧ್ಯಾಹ್ನ ಪಕ್ಕದ ಮನೆಯ ನೆಲ್ಡಾ ಒಂದು ಕೈಯಲ್ಲಿ ಕಿತ್ತ ಬೋರ್ಡು, ಇನ್ನೊಂದು ಕೈಯಲ್ಲಿ ಬಿಸಿ ಪೈ ಹಿಡಿದು ಬಂದಳು. “ಈ ಊರಿಗೆ ನಾಚಿಕೆ ಅನ್ನೋದೇ ಇಲ್ಲ ಕೋಚ್. ಈ ವಯಸ್ಸಿನಲ್ಲಿ ನಿಮಗೆ ಹೀಗೆ ಮಾಡೋದಾ? ಕಿತ್ತು ಹಾಕ್ದೆ.” ಒಲೀಟಾ ಗಂಡನನ್ನು ನೋಡಿದರು. ಗಂಡ ಪೈಯನ್ನು ನೋಡಿದರು. “ಥ್ಯಾಂಕ್ಸ್ ನೆಲ್ಡಾ,” ಎಂದು ಒಳಗೆ ಒಯ್ದರು.

ಒಲೀಟಾ ಮತ್ತೆ ನೆಟ್ಟರು. ಮುಂದಿನ ಶುಕ್ರವಾರ ನಾವು ಗೆದ್ದೆವು. ಶನಿವಾರ ಬೋರ್ಡು ಹಾಗೇ ನಿಂತಿದ್ದನ್ನು ಕಂಡು ಡಾಯ್ಲ್ ಗಾಡಿ ನಿಲ್ಲಿಸಿ ಇಳಿದ. ಅವನಿಗೆ ನಿಜವಾಗಿ ಸಿಟ್ಟು ಬಂದಿತ್ತು. “ಸೋತಾಗ ಹಾಕೋದು ಸರಿ, ಅದು ಸಂಪ್ರದಾಯ. ಗೆದ್ದಾಗ್ಲೂ ಹಾಕಿದ್ರೆ ಅದು ಅನ್ಯಾಯ!” ಎಂದು ಬೀದಿಗೆಲ್ಲ ಕೇಳುವಂತೆ ಕೂಗಿ, ಕಿತ್ತು ತನ್ನ ಗಾಡಿಯ ಹಿಂದೆ ಎಸೆದುಕೊಂಡು ಹೋದ. ಜಗಲಿಯಲ್ಲಿ ನಿಂತಿದ್ದ ಕೋಚ್ ಅವನಿಗೆ ಕೈಬೀಸಿದರು.

“ಕೈ ಬೀಸಿದ್ಯಲ್ಲ, ಬಾಯಿ ಬಿಡೋಕೆ ಏನಾಗಿತ್ತು?” ಎಂದರು ಒಲೀಟಾ.

“ನಾಳೆ ಹೇಳ್ತೀನಿ.”

ಸಂಜೆಗೆ ಮೂರನೆಯ ಸಲ, ಹೊಸ ಬೋರ್ಡು ಎದ್ದಿತು.

ಭಾನುವಾರ ಬೆಳಿಗ್ಗೆ ನಾನು ಪೇಪರ್ ಎತ್ತಿಕೊಳ್ಳಲು ಹೊರಗೆ ಬಂದಾಗ ಕೋಚ್ ಚರ್ಚಿನ ಬಟ್ಟೆ ತೊಟ್ಟು ಹುಲ್ಲಿನ ಮೇಲೆ ನಿಂತಿದ್ದರು. ಆಚೆ ಈಚೆ ನೋಡಿದರು. ಮೂಲಂಗಿ ಕೀಳುವ ಹಾಗೆ ಎರಡು ಕೈಯಲ್ಲಿ ಬೋರ್ಡು ಹಿಡಿದು ಕಿತ್ತು, ಬೇಲಿಯ ಮರೆಗೆ ಹಾಕಲು ಹೊರಟರು. ಆಗ ನನ್ನನ್ನು ಕಂಡರು. ನಾನು ಪೇಪರ್ ಓದುವವನಂತೆ ನಿಂತೆ. ತಲೆಕೆಳಗಾಗಿ ಹಿಡಿದಿದ್ದೆನೆಂದು ಆಮೇಲೆ ತಿಳಿಯಿತು.

ಆದರೆ ಜಗಲಿಯ ಬಾಗಿಲು ಅಷ್ಟರಲ್ಲೇ ತೆರೆದಿತ್ತು. ಒಲೀಟಾ ಕಾಫಿ ಕಪ್ಪು ಹಿಡಿದು ನಿಂತಿದ್ದರು. ಕೂಗಾಡಲಿಲ್ಲ.

“ನಿನ್ನ ಹುಡುಗ ಚೆಂಡು ಕೈಬಿಟ್ರೆ ಏನಂತೀಯ ವರ್ಲನ್?”

ಕೋಚ್ ಬೋರ್ಡನ್ನು ಹಿಡಿದೇ ನಿಂತರು. “ಬಿಟ್ಟವನೇ ಅದರ ಮೇಲೆ ಬಿದ್ದು ಹಿಡ್ಕೋಬೇಕು ಅಂತೀನಿ.”

“ಹ್ಞೂಂ. ನಾನು ಇನ್ನು ನೆಡೋದಿಲ್ಲ.” ಒಳಗೆ ಹೋದರು. ಬಾಗಿಲನ್ನು ಮೆಲ್ಲಗೆ ಮುಚ್ಚಿಕೊಂಡರು. ದಢಾರನೆ ಮುಚ್ಚಿದ್ದರೆ ಕೋಚ್‌ಗೆ ಸಮಾಧಾನವಾಗುತ್ತಿತ್ತೋ ಏನೋ. ಆ ದಿನ ಚರ್ಚಿನಲ್ಲಿ ಗಂಡಹೆಂಡಿರ ನಡುವೆ ಒಬ್ಬರು ಕೂರುವಷ್ಟು ಜಾಗ ಖಾಲಿ ಇತ್ತು.

ಮರುದಿನ ಸೋಮವಾರ. ಊರಿನ ಅಂಗಡಿಯವರೆಲ್ಲ ಕೆಫೆಯ ಹಿಂದಿನ ಕೋಣೆಯಲ್ಲಿ ಮೊಟ್ಟೆ, ಮೆತ್ತನೆ ಬನ್ನಿನಂಥ ಬಿಸ್ಕೆಟ್, ಗ್ರೇವಿ ತಿನ್ನುತ್ತ ಶುಕ್ರವಾರದ ಪಂದ್ಯದ ಚಿತ್ರ ನೋಡಿ, ಕೋಚ್‌ಗೆ ಆಟ ಕಲಿಸುವ ದಿನ. ನಾನೂ ಹೋಗಿದ್ದೆ. ಚಿತ್ರ ಮುಗಿದು ದೀಪ ಹತ್ತಿತು. ಕೋಚ್ ಎದ್ದು ನಿಂತು ಬೀಜ ಉಗಿದರು.

“ನಮ್ಮ ಮನೆ ಮುಂದಿನ ಬೋರ್ಡು ನಿಜದ್ದು. ಮನೆ ಮಾರ್ತಾ ಇದೀವಿ. ಇದು ನನ್ನ ಕೊನೇ ಸೀಸನ್.”

ಕೋಣೆ ಬಿದ್ದು ಬಿದ್ದು ನಕ್ಕಿತು. ಹಲ್ಲಿನ ಡಾಕ್ಟರಂತೂ ಮೇಜು ಕುಟ್ಟಿದರು. “ಹತ್ತೊಂಬತ್ತು ವರ್ಷಕ್ಕೆ ಒಂದು ಜೋಕ್ ಹೇಳಿದ್ರಪ್ಪಾ ಕೋಚು!”

ಕೋಚ್ ಕೂರಬಹುದಿತ್ತು. ಹೇಳಿದೆ, ನಂಬಲಿಲ್ಲ ಎಂದು ಮನೆಗೆ ಹೋಗಿ ವರದಿ ಒಪ್ಪಿಸಬಹುದಿತ್ತು. ಒಂದು ಗಳಿಗೆ ಕುರ್ಚಿಯ ಬೆನ್ನಿಗೆ ಕೈ ಹಾಕಿದ್ದೂ ಹೌದು. ಆಮೇಲೆ ಕೈ ತೆಗೆದರು.

“ಒಲೀಟಾಗೆ ಎಡಕ್ಕೆ ಹೋಗೋಣ ಅಂದೆ, ಬಂದ್ಳು. ಬಲಕ್ಕೆ ಹೋಗೋಣ ಅಂದೆ, ಬಂದ್ಳು. ಮುಂದಿನ ಊರು ನಿಂದು ಅಂತ ಮುಖ ನೋಡಿ ಮಾತು ಕೊಟ್ಟಿದ್ದೆ. ಮೊದಲನೇ ಸಲ ಬೋರ್ಡು ಕಿತ್ತಿದ್ದು ನೆಲ್ಡಾ. ಎರಡನೇ ಸಲ ಡಾಯ್ಲ್. ನಿನ್ನೆ ಕಿತ್ತಿದ್ದು ನಾನೇ. ನೀವ್ಯಾರೂ ನಂಬ್ಲಿಲ್ಲ ಅಂತ ನನಗೆ ಒಳಗೊಳಗೇ ಖುಷಿ ಆಗಿತ್ತು. ಅದು ತಪ್ಪು.”

ಈ ಸಲ ಯಾರೂ ನಗಲಿಲ್ಲ. ಗ್ರೇವಿ ತಣ್ಣಗಾಯಿತು. ಡಾಯ್ಲ್ ಕರವಸ್ತ್ರ ತೆಗೆದು ಮೂಗು ಒರೆಸಿಕೊಂಡ. ಆಮೇಲೆ ಸಣ್ಣ ದನಿಯಲ್ಲಿ ಕೇಳಿದ:

“ಮಲಗೋ ಕೋಣೆ ಎರಡಾ, ಮೂರಾ?”

“ಮೂರು.”

“ಮಾಡು ಸೋರುತ್ತಾ?”

“ಅಡುಗೆಮನೆ ಮೂಲೇಲಿ.”

“ಅದನ್ನ ಯಾರಿಗೂ ಹೇಳ್ಬೇಡಿ ಕೋಚ್. ಮಿಕ್ಕಿದ್ದು ನನಗೆ ಬಿಡಿ.”

ಕೋಚೂ ನಾನೂ ನಡೆದೇ ವಾಪಸಾದೆವು. ಒಲೀಟಾ ಜಗಲಿಯ ಉಯ್ಯಾಲೆಯಲ್ಲಿ ಕೂತಿದ್ದರು. ಗಂಡನ ಮುಖ ನೋಡಿದವರೇ ವಿಷಯ ತಿಳಿದುಕೊಂಡರು, ಆದರೂ ಅವರ ಬಾಯಿಂದಲೇ ಬರಲಿ ಎಂದು ಕಪ್ಪಿನ ಕಾಫಿ ಗುಟುಕರಿಸುತ್ತಿದ್ದರು.

“ಹೇಳ್ದೆ,” ಎಂದರು ಕೋಚ್.

“ಏನಂದ್ರು?”

“ಮೊದ್ಲು ನಕ್ಕರು.”

“ಆಮೇಲೆ?”

“ಡಾಯ್ಲ್ ಅತ್ತ. ಆಮೇಲೆ ಮಾಡು ಸೋರುತ್ತಾ ಅಂತ ಕೇಳ್ದ.”

ಒಲೀಟಾ ನಕ್ಕುಬಿಟ್ಟರು. ಕೋಚ್ ಮೆಟ್ಟಿಲ ಮೇಲೆ ಕೂತು, ಟೋಪಿ ತೆಗೆದು ಮೊಣಕಾಲ ಮೇಲೆ ಇಟ್ಟುಕೊಂಡರು. ನನ್ನ ಮನೆ ಎದುರಿಗೇ ಇತ್ತು, ಆದರೂ ನನ್ನ ಕಾಲು ಅಂಗಳ ದಾಟಲು ಯಾಕೋ ತಡಮಾಡಿತು.

“ಒಲೀಟಾ, ಆ ಊರಲ್ಲಿ ಹೈಸ್ಕೂಲು ಎಂಥದ್ದು? ತಂಡ ಚೆನ್ನಾಗಿದೆಯಾ?”

“ಹೈಸ್ಕೂಲೇ ಇಲ್ಲ ವರ್ಲನ್. ಅದಕ್ಕೇ ಆರಿಸಿದ್ದು. ಬೇಸಿಗೆಯಿಂದ ಇವತ್ತಿನವರೆಗೆ ನೀನು ಆ ಊರಿನ ಬಗ್ಗೆ ಒಂದು ಮಾತು ಕೇಳಿದ್ರೆ ಆಗ್ಲೇ ಹೇಳ್ತಿದ್ದೆ.”

ಕೋಚ್ ಬಹಳ ಹೊತ್ತು ಟೋಪಿಯ ಅಂಚು ಸರಿಮಾಡಿದರು. ಬೀದಿಯಲ್ಲಿ ಹತ್ತಿಯ ಲಾರಿಯೊಂದು ಬಿಳಿ ಎಳೆಗಳನ್ನು ಉದುರಿಸುತ್ತ ಹಾದುಹೋಯಿತು.

“ಸರಿ,” ಎಂದರು ಕಡೆಗೆ. “ಮತ್ತೆ ಏನೇನಿದೆ ಅಲ್ಲಿ?”

ಒಲೀಟಾ ಕಪ್ಪನ್ನು ನೆಲಕ್ಕಿಟ್ಟು, ಉಯ್ಯಾಲೆಯಲ್ಲಿ ಪಕ್ಕಕ್ಕೆ ಸರಿದು ಜಾಗ ಮಾಡಿಕೊಟ್ಟರು. “ಬಾ, ಮೇಲೆ ಕೂತ್ಕೋ,” ಎಂದರು. “ಮೊದ್ಲು ಮನೆಯಿಂದ ಶುರು ಮಾಡ್ತೀನಿ.”