ಎರಡನೇ ಕರೆಗೆ ತಿರುಗುವವಳು

ಪಾರ್ವತಕ್ಕ ಒಂದೇ ಕರೆಗೆ ಎಂದೂ ತಿರುಗಿದವಳಲ್ಲ. ಬೇಲಿಯಾಚೆಯಿಂದ ಕೂಗಿದರೆ ಕೈಯಲ್ಲಿನ ಕೆಲಸ ಹಾಗೇ ನಡೆಯುತ್ತಿತ್ತು. ಎರಡನೇ ಸಲ ಗಂಟಲು ಹರಿದುಕೊಂಡರೆ, "ಓ, ನನ್ನ ಕರೆದ್ಯಾ?" ಅನ್ನುವಳು. ಕಿವಿ ಮಂದವೆಂದುಕೊಂಡಿದ್ದೆ. ಆದರೆ ನಮ್ಮ ಅಡಿಗೆಮನೆಯಲ್ಲಿ ಪಿಸುಗುಟ್ಟಿದ್ದೂ ಅವಳಿಗೆ ಕೇಳುತ್ತಿತ್ತು.

ಹೊಸನಗರದ ಕಡೆಯ ನಮ್ಮೂರಲ್ಲಿ ಯಾವ ಮನೆತನದ ಹೆಸರು ಎಲ್ಲಿಂದ ಬಂತೆಂದು ಅವಳನ್ನೇ ಕೇಳಬೇಕು. ನಾನು ಹೆಮ್ಮೆಯಿಂದ ಹೆಸರಿನ ಮುಂದೆ 'ಸಂಕದಮನೆ' ಎಂದು ಹಾಕಿಕೊಂಡಿದ್ದೆ. "ಎಂತ ಹೆಮ್ಮೆ? ನಿಮ್ಮಜ್ಜ ಹಳ್ಳಕ್ಕೆ ಎರಡು ಮರ ಅಡ್ಡ ಹಾಕಿದ್ರು. ಒಂದೇ ಮಳೆಗೆ ಸಂಕ ಹೋಯ್ತು, ಹೆಸರು ಉಳೀತು" ಎಂದು ನಗುತ್ತಿದ್ದಳು. ಈಗಿನ ಮಕ್ಕಳ ಹೆಸರೆಂದರೆ ಇನ್ನೂ ತಾತ್ಸಾರ. "ಅರ್ಥ ಕೇಳಿದ್ರೆ ತಾಯಿ ಫೋನ್ ತೆಗೀತಾಳೆ!"

ಅವಳದೇ ಹೆಸರಿನ ಕಥೆ ನನಗೆ ತಿಳಿದದ್ದು ತೀರಾ ತಡವಾಗಿ. ತೀರ್ಥಹಳ್ಳಿ ಹತ್ತಿರದ ತವರಿನ ಹಿತ್ತಲಲ್ಲಿ ಅವಳಮ್ಮ ನೆಟ್ಟ ಹಲಸಿನ ಮರವಿತ್ತು. ಆ ಹಿತ್ತಲನ್ನು ತಂಗಿಗೆ ಪಾಲಾಗಿ ಕೊಡಬೇಕೆಂದು ಅವಳಣ್ಣ ಹೊರಟ. ಅವಳಿಗೂ ಬೇಕಿತ್ತು, ಆ ಮರದ ಮಾತು ಬಂದರೆ ದನಿಯೇ ಬದಲಾಗುತ್ತಿತ್ತು. ಆದರೆ ತವರಿನ ವಂಶವೃಕ್ಷದಲ್ಲಿದ್ದವಳು ಶಾರದೆ, ಆಧಾರ್‌ನಲ್ಲಿದ್ದವಳು ಪಾರ್ವತಿ. ಅತ್ತೆಯ ಹೆಸರೂ ಶಾರದೆಯಂತೆ. ಗಂಡ ತನ್ನ ಅಮ್ಮನ ಹೆಸರು ಹಿಡಿದು ಹೆಂಡತಿಯನ್ನು ಗದರುವುದು ಹೇಗೆ? ಮದುವೆಯ ಚಪ್ಪರದಲ್ಲೇ ಹೆಸರು ಬದಲಾಯಿಸಿದ್ದರು. ಅವಳನ್ನು ಯಾರೂ ಕೇಳಿರಲಿಲ್ಲ.

ಊರಿಗೆಲ್ಲ ಅರ್ಜಿ ಬರೆಯುವ ನನ್ನ ತಲೆಗೆ ಇದು ಬಿತ್ತು. ತೀರ್ಥಹಳ್ಳಿಯ ತಾಲೂಕು ಕಚೇರಿಯಲ್ಲಿ "ಪಾರ್ವತಿ ಯಾರು?" ಎಂದರು, ಹೊಸನಗರದಲ್ಲಿ "ಶಾರದೆ ಯಾರು?" ಎಂದರು. ಮೂರು ರಜೆ ಹಾಳು. ಕಡೆಗೆ ಸಾಗರದ ವಕೀಲರೊಬ್ಬರು, ಎರಡೂ ಹೆಸರು ಒಬ್ಬಳದೇ ಎಂದು ಅಫಿಡವಿಟ್ ಮಾಡಿಕೊಟ್ಟರು. ಇನ್ನು ಒಂದು ಸಹಿ ಸಾಕಿತ್ತು.

ಪಾರ್ವತಕ್ಕ ಎರಡು ಸಲ ಓದಿ ಪೆನ್ನು ಕೆಳಗಿಟ್ಟಳು. "ಒಬ್ಳೇ ಅಂತ ಯಾರು ಹೇಳಿದ್ದು? ಶಾರದೆ ಹಲಸಿನ ಮರ ಹತ್ತಿದ್ಲು, ಏಳನೇ ಕ್ಲಾಸಿಗೆ ಫಸ್ಟ್ ಬಂದಿದ್ಲು. ಅವಳನ್ನ ಚಪ್ಪರದಲ್ಲೇ ಬಿಟ್ಟು ಬಂದಿದೀನಿ. ಸುಳ್ಳಿಗೆ ಸೈನ್ ಹಾಕಲ್ಲ ಮಾರಾಯ."

"ಅದು ಬರೀ ಕಾಗದ, ಪಾರ್ವತಕ್ಕ!"

"ಹೆಸರು ಕಿತ್ಕೊಂಡಿದ್ದೂ ಬರೀ ಬಾಯಿಮಾತಲ್ಲೇ."

ನನಗೆ ರೇಗಿಹೋಯಿತು. ಮೊಂಡುತನಕ್ಕೂ ಒಂದು ಮಿತಿ ಬೇಡವೇ? ಹಾಳಾಗಿ ಹೋಗಲಿ ನಿನ್ನ ಹಿತ್ತಲು ಎಂದುಬಿಟ್ಟೆ. ಕಾಫಿ ಕುಡಿದು ಹೋಗು ಅಂದಳು. ಕುಡಿಯದೇ ಬಂದೆ.

ಮುಂದಿನ ಚಳಿಗಾಲಕ್ಕೆ ಅವಳಣ್ಣ ತೀರಿಕೊಂಡ. ಹಿತ್ತಲು ಅವನ ಮಕ್ಕಳಿಗೆ ಹೋಯಿತು. ಅವರು ಮರ ಕಡಿಸಿದರು. ಆ ಸುದ್ದಿ ಹೇಳಲು ಹೋದದ್ದೇ ನಮ್ಮ ಕೊನೆಯ ಭೇಟಿ. ಅಂಗಳದಲ್ಲಿ ಬೆನ್ನು ಹಾಕಿ ಕೂತು ಹುಣಸೆಹಣ್ಣು ಬಿಡಿಸುತ್ತಿದ್ದಳು. "ಪಾರ್ವತಕ್ಕಾ" ಎಂದೆ. ಮತ್ತೊಮ್ಮೆ ಕೂಗಿದೆ. ಅವತ್ತು ಎರಡನೇ ಕರೆಗೂ ತಿರುಗಲಿಲ್ಲ. ಹಾಳಾದ ರಜೆಗಳು, ಆ ಕಚೇರಿಗಳು, ಕಡಿದ ಮರ ಎಲ್ಲ ನೆತ್ತಿಗೇರಿ, ಸಿಟ್ಟಿನಲ್ಲೇ ಒದರಿದೆ: "ಶಾರದೇ!"

ತಟ್ಟನೆ ತಿರುಗಿದಳು. ಮುಖವೆಲ್ಲ ಅರಳಿತ್ತು.

"ಅಣ್ಣಾ, ಬಂದ್ಯಾ?"

ನಿಂತಿದ್ದವನು ನಾನೆಂದು ಕಂಡಮೇಲೆ ಮತ್ತೆ ಹುಣಸೆಗೆ ಕೈಹಾಕಿದಳು. ಮರದ ಸುದ್ದಿ ನಾನು ಹೇಳಲಿಲ್ಲ. ಕಾಫಿ ಕೊಟ್ಟಳು, ಕುಡಿದು ಬಂದೆ.