ಅಂಚು ಕತ್ತರಿಸದ ಮುದ್ದಮ್ಮ

ಸುಯ್ ಎಂಬ ಸಣ್ಣ ಸದ್ದು. ನಿಂತು ಕಿವಿಗೊಟ್ಟರೆ ಮಾತ್ರ ಕೇಳುತ್ತದೆ. ಮೇಣ ಸವರಿದ ದಾರ ಕಾಗದದ ತೂತುಗಳಲ್ಲಿ ಹಾದು ಹೊರಬರುವ ಸದ್ದು ಅದು. ಇನ್ನೂ ಐದು ಗಂಟೆಯಾಗಿಲ್ಲ. ಮಳವಳ್ಳಿ ಬಸ್ ನಿಲ್ದಾಣದ ಹಿಂದಿನ ಗಲ್ಲಿಯಲ್ಲಿ ಒಂದೇ ಒಂದು ಬಾಗಿಲು ತೆರೆದಿದೆ. ಒಳಗೆ ಮಣೆಯ ಮೇಲೆ ಕೂತ ಮುದ್ದಮ್ಮ ಮೊಣಕಾಲುಗಳ ನಡುವೆ ಪುಸ್ತಕವೊಂದನ್ನು ಒತ್ತಿ ಹಿಡಿದು ದಬ್ಬಳ ಚುಚ್ಚುತ್ತಿದ್ದಾರೆ. ದಬ್ಬಳದ ಮೊನೆ ಅವರ ಹೆಬ್ಬೆರಳ ಪಕ್ಕದಲ್ಲೇ ಹೊರಬರುತ್ತದೆ. ಅವರ ಬಗ್ಗೆ ಬರೆಯಲು ಬಂದು ಎದುರು ಕೂತ ನಾನು ಪ್ರತಿ ಸಲವೂ ನನ್ನ ಹೆಬ್ಬೆರಳು ಮಡಿಚಿಕೊಳ್ಳುತ್ತೇನೆ. ಅವರು ಕೈಯ ಕಡೆ ನೋಡುವುದೂ ಇಲ್ಲ.

"ಕರೆಂಟು ಓಗದ್ರೊಳ್ಗೆ ಇದೊಂದು ಮುಗೀಬೇಕು ಕಣಮ್ಮ. ಬಿಸ್ಲು ಬಂದ್ಮೇಲೆ ಅಂಟಿನ ಕೆಲ್ಸ."

ಹಳೆಯ ಪುಸ್ತಕಗಳಿಗೆ ಹೊಸ ಬೆನ್ನು ಕಟ್ಟುವುದು ಅರವತ್ತೆರಡರ ಮುದ್ದಮ್ಮನ ಕೆಲಸ. ಮಂಡ್ಯ, ಮದ್ದೂರು, ಮಳವಳ್ಳಿಯ ಕಾಲೇಜು ಗ್ರಂಥಾಲಯಗಳಿಂದ ಚೀಲಗಟ್ಟಲೆ ಬರುತ್ತವೆ. ಮದ್ದೂರಿನ ಚೀಲ ಬಸ್ಸಿನಲ್ಲಿ ಕಂಡಕ್ಟರ್ ಜೊತೆ ಬರುತ್ತದೆ. ದಿನಕ್ಕೆ ಎಂಟು ಪುಸ್ತಕ, ಪರೀಕ್ಷೆ ಹತ್ತಿರವಾದರೆ ಹನ್ನೆರಡು. ಅವುಗಳಲ್ಲಿ ಮತ್ತೆ ಮತ್ತೆ ಬರುವುದು ಅನುಕಲನದ ಪುಸ್ತಕ, ಹುಡುಗರ ಬಾಯಲ್ಲಿ ಇಂಟಿಗ್ರೇಷನ್. ಕಾದಂಬರಿಗೆ ಕಟ್ಟಿದ ಬೆನ್ನು ಹತ್ತು ವರ್ಷ ಬಾಳಿದರೆ ಇದಕ್ಕೆ ಎರಡೇ ವರ್ಷ.

ಮುದ್ದಮ್ಮ ಓದಿದ್ದು ಐದನೇ ತರಗತಿ. ಅಂಗಡಿ ಗಂಡ ಮರಿಸಿದ್ದಯ್ಯನವರದು. ಆಗ ಮುದ್ದಮ್ಮ ಮೈದಾ ಅಂಟು ಕಾಯಿಸುತ್ತ, ಚೀಟಿ ಅಂಟಿಸುತ್ತ ಇದ್ದವರು. ಹನ್ನೊಂದು ವರ್ಷದ ಹಿಂದೆ ಲಕ್ವ ಹೊಡೆದು ಮರಿಸಿದ್ದಯ್ಯನವರ ಬಲಗೈ ಬಿದ್ದುಹೋಯಿತು. ಗ್ರಂಥಾಲಯದ ಅರವತ್ತು ಪುಸ್ತಕ ಬಿಚ್ಚಿದ ಸ್ಥಿತಿಯಲ್ಲೇ ಇದ್ದವು. ಅವರು ಮಲಗಿದಲ್ಲಿಂದಲೇ ಹೇಳಿಕೊಟ್ಟರು, ಇವರು ಹೊಲಿದರು. ಮೊದಲ ತಿಂಗಳು ಬೆರಳುಗಳಿಗೆ ಬಟ್ಟೆ ಸುತ್ತಿಕೊಂಡೇ ಊಟ ಮಾಡಿದ್ದು. ಈಗ ಮರಿಸಿದ್ದಯ್ಯ ಎಡಗೈಯಲ್ಲಿ ಅಂಟು ತಿರುಗಿಸುತ್ತಾರೆ.

ಲೆಕ್ಕ ಬಾರದಿದ್ದರೂ ಹುಡುಗರು ಎಲ್ಲಿ ಸಿಕ್ಕಿಬೀಳುತ್ತಾರೆ ಎಂಬುದು ಮುದ್ದಮ್ಮನಿಗೆ ತಿಳಿಯುತ್ತದೆ. ಪುಸ್ತಕ ಒಡೆದುಕೊಳ್ಳುವುದು ಅಲ್ಲೇ. "ನೋಡಿ, ಇಲ್ಲಿ ಆಳೆ ಕಪ್ಗೆ ಅದೆ. ಬೆವ್ರು. ಇಲ್ಲೇ ಎಲ್ರೂ ಒದ್ದಾಡೋದು." ನಾನು ಬಗ್ಗಿ ನೋಡುತ್ತೇನೆ. ಎರಡು ಪದಗಳ ಗುಣಲಬ್ಧವನ್ನು ಅನುಕಲಿಸುವ ಅಧ್ಯಾಯ. ಪಕ್ಕದಲ್ಲಿ ಎಂ.ಎಸ್ಸಿ. ತರಗತಿಯ ಅನುಕಲನ ಸಿದ್ಧಾಂತದ ದಪ್ಪ ಪುಸ್ತಕವೊಂದಿದೆ. "ಇದು ಮೊದ್ಲ ಮೂವತ್ತು ಪುಟ ಸವ್ದದೆ. ಆಮ್ಯಾಕೆ ಧಾರೆ ಸೀರೆ ಇದ್ದಂಗೆ ಅದೆ, ಮಡಿಕೇನೆ ಬಿಚ್ಚಿಲ್ಲ."

"ಐದ್ನೇ ಕ್ಲಾಸು ಓದ್ಬುಟ್ಟು ಎಮ್ಮೆಸ್ಸಿ ಮೇಡಮ್ಮಿನಂಗೆ ಮಾತಾಡ್ತಾಳೆ ನೋಡಿ" ಎಂದು ಮರಿಸಿದ್ದಯ್ಯ ಮೂಲೆಯಿಂದ ಕೆಣಕುತ್ತಾರೆ.

"ನೀನು ಅಂಟು ತಿರುಗ್ಸು. ಗಂಟಾದ್ರೆ ನಿನ್ನ ತಲೆಗೇ ಬಳಿತೀನಿ."

ಹೊಲಿದ ಮೇಲೆ ಪುಸ್ತಕವನ್ನು ಕತ್ತರಿಸುವ ಯಂತ್ರಕ್ಕೆ ಕೊಟ್ಟು ಮೂರು ಕಡೆ ಅಂಚು ಸವರುವುದು ಬೈಂಡಿಂಗಿನ ರೂಢಿ. ಹರಿದ, ಮಡಿಸಿದ ಅಂಚು ಹೋಗಿ ಪುಸ್ತಕ ಹೊಸದರಂತೆ ಕಾಣುತ್ತದೆ. ಮುದ್ದಮ್ಮನೂ ಹಾಗೇ ಮಾಡುತ್ತಿದ್ದರು. ಕಳೆದ ವರ್ಷದ ಒಂದು ಮಧ್ಯಾಹ್ನ ಬಿಂದುಶ್ರೀ ಎಂಬ ಬಿ.ಎಸ್ಸಿ. ಹುಡುಗಿ, ಬೈಂಡಿಂಗಿಗೆ ಹೋದ ಪುಸ್ತಕ ಹುಡುಕಿಕೊಂಡು ಅಂಗಡಿಗೇ ಬಂದಳು. ಆ ಪತ್ರಿಕೆಯಲ್ಲಿ ಎರಡು ಸಲ ಫೇಲಾಗಿದ್ದಳು. ಪರೀಕ್ಷೆಗೆ ಒಂಬತ್ತು ದಿನ ಉಳಿದಿತ್ತು. ಈ ಸಲವೂ ಹೋದರೆ ಓದು ಸಾಕು, ಸೋಮನಹಳ್ಳಿಯ ಕಾರ್ಖಾನೆಗೆ ಸೇರಿಸುತ್ತೇವೆಂದು ಮನೆಯಲ್ಲಿ ಹೇಳಿಯಾಗಿತ್ತು. ಅವಳು ಪುಸ್ತಕ ತೆರೆದಳು, ಮುಚ್ಚಿದಳು, ಮತ್ತೆ ತೆರೆದಳು.

"ಅಜ್ಜಿ, ಪಕ್ಕದಲ್ಲಿ ಬರ್ದಿದ್ದು ಎಲ್ಲಿ?"

ಅದುವರೆಗೆ ಒಮ್ಮೆಯೂ ಬೈಂಡಿಂಗಿಗೆ ಬಾರದಿದ್ದ ಆ ಹಳೆಯ ಪ್ರತಿಯ ಅಂಚಿನುದ್ದಕ್ಕೂ ಯಾರೋ ಹಳೆಯ ವಿದ್ಯಾರ್ಥಿ ಪೆನ್ಸಿಲಿನಲ್ಲಿ ದಾರಿ ಬರೆದಿಟ್ಟಿದ್ದ. 'ಇಲ್ಲಿ ಎಕ್ಸ್ ಬದಲು ಟ್ಯಾನ್ ತೀಟಾ ಹಾಕಿ ನೋಡು.' 'ಲಾಗ್ ಮೊದಲು ತಗೋ, ಉಲ್ಟಾ ಮಾಡಿದರೆ ಮುಗಿಯಲ್ಲ.' ಟ್ಯೂಷನ್ ಇಲ್ಲದ ಬಿಂದುಶ್ರೀಗೆ ಮೇಷ್ಟ್ರು ಅವನೇ. ಮುದ್ದಮ್ಮ ಅರ್ಧ ಇಂಚು ಸವರಿದಾಗ ಅವನೂ ಹೋಗಿದ್ದ.

"ಆ ಮಗ ಬೈಲಿಲ್ಲ ಕಣಮ್ಮ. ಬೈದಿದ್ರೆ ಸುಮ್ನಾಯ್ತಿದ್ದೆ. 'ಇರ್ಲಿ ಬುಡಿ ಅಜ್ಜಿ' ಅಂದ್ಬುಡ್ತು."

ಕತ್ತರಿಸಿದ ಕಾಗದದ ಪಟ್ಟಿಗಳು ಹೋಗುವುದು ಹೊಂಬಾಳಮ್ಮನ ಬಳೆ ಅಂಗಡಿಗೆ, ಗಾಜಿನ ಬಳೆ ಒಡೆಯದಂತೆ ಪೆಟ್ಟಿಗೆಯ ತಳಕ್ಕೆ ಹಾಸಲು. ಮುದ್ದಮ್ಮ ಅಂದೇ ಸಂಜೆ ಅಲ್ಲಿಗೆ ಓಡಿದರು.

"ಲೇ ಹೊಂಬಾಳಿ, ನೆನ್ನೆ ಕೊಟ್ಟ ಚೀಲ ಬಿಚ್ಚಿದ್ಯಾ?"

"ಮೂರು ಪೆಟ್ಗೆಗೆ ಆಕ್ಬುಟ್ಟೆ ಕಣಕ್ಕ. ಯಾಕೆ, ಓಲೆ ಗೀಲೆ ಬಿದ್ದೋಯ್ತಾ?"

"ಓಲೆ ಆಗಿದ್ರೆ ಓಗ್ಲಿ ಅಂತಿದ್ದೆ. ತೆಗಿ ಬಳೆನೆಲ್ಲ."

ಹನ್ನೆರಡು ಪುಸ್ತಕಗಳ ಪಟ್ಟಿಗಳು ಕಲೆತುಹೋಗಿದ್ದವು. ಇಬ್ಬರೂ ಅಂಗಡಿ ಬಾಗಿಲು ಹಾಕಿಕೊಂಡು ಆರಿಸಿದರು. ಪುಸ್ತಕದಲ್ಲಿ ಪೆನ್ಸಿಲಿನ ತುಂಡು ಗುರುತು ಉಳಿದಿದ್ದ ಹಾಳೆಗಳು ಎಪ್ಪತ್ತೊಂದು. ಸಿಕ್ಕ ಪಟ್ಟಿಗಳು ಅರವತ್ನಾಲ್ಕು. ಯಾವುದು ಯಾವ ಪುಟದ್ದೆಂದು ತಿಳಿಯುವುದು ಹೇಗೆ? ಅನುಕಲನದ ಚಿಹ್ನೆಯನ್ನು ಮುದ್ದಮ್ಮ ಕೊಕ್ಕೆ ಎನ್ನುತ್ತಾರೆ. ಪುಟದಲ್ಲಿ ಅರ್ಧ ಕೊಕ್ಕೆ, ಪಟ್ಟಿಯಲ್ಲಿ ಉಳಿದರ್ಧ. ಅದನ್ನು ಇದಕ್ಕೆ ಹೊಂದಿಸಿ, ಕಾಫಿ ಕಲೆಗೆ ಕಲೆ ಸೇರಿಸಿ, ತೆಳು ಕಾಗದದಲ್ಲಿ ಒಂದೊಂದಾಗಿ ಅಂಟಿಸಿದರು. ಮೂರು ದಿನ ಬೇರೆ ಕೆಲಸ ಮುಟ್ಟಲಿಲ್ಲ. ಗ್ರಂಥಪಾಲಕರ ಬಳಿಗೂ ತಾವೇ ಹೋಗಿ ತಪ್ಪು ಒಪ್ಪಿಕೊಂಡರು. ಆರು ದಿನ ಉಳಿದಿರುವಾಗ ಪುಸ್ತಕ ಬಿಂದುಶ್ರೀಯ ಕೈ ಸೇರಿತು.

ಅವಳು ಪಾಸಾದಳು. ನಲವತ್ತೆಂಟು ಅಂಕ. ಈಗ ಮಂಡ್ಯದಲ್ಲಿ ಬಿ.ಇಡಿ. ಓದುತ್ತಿದ್ದಾಳೆ. "ಸಿಗದ ಏಳು ಪಟ್ಟಿಯ ಲೆಕ್ಕ ನಾನೇ ಮಾಡ್ಬೇಕಾಯ್ತು. ಅದ್ರಲ್ಲಿ ನಾಲ್ಕು ಬಂತು. ಪರೀಕ್ಷೆಯಲ್ಲೂ ಅಂಥದ್ದೇ ಒಂದು ಬಂದಿತ್ತು" ಎಂದು ಫೋನಿನಲ್ಲಿ ನಗುತ್ತಾಳೆ.

ಅಂದಿನಿಂದ ಮುದ್ದಮ್ಮ ಗಣಿತದ ಪುಸ್ತಕಗಳ ಅಂಚು ಸವರುವುದಿಲ್ಲ. ಏರುಪೇರಾದ ಅಂಚು ಕಂಡು ಇದೆಂಥ ಬೈಂಡಿಂಗ್ ಎಂದು ಮೂಗು ಮುರಿಯುವವರಿದ್ದಾರೆ. ಒಂದು ಕಾಲೇಜಿನವರು ಕೆಲಸ ಕೊಡುವುದನ್ನೇ ನಿಲ್ಲಿಸಿದ್ದಾರೆ. "ಓಗ್ಲಿ. ಅಂದ ನೋಡೋರು ಬ್ಯಾರೆ ಕಡೆ ಕೊಡ್ಲಿ."

ಅಂಟಿಸುತ್ತಿದ್ದ ಎರಡನೇ ದಿನ ನಡೆದದ್ದನ್ನು ಅವರು ನನಗೆ ಕಡೆಯಲ್ಲಿ, ದನಿ ತಗ್ಗಿಸಿ ಹೇಳುತ್ತಾರೆ. ಒಂದು ಪುಟದ ಅಂಚಿನಲ್ಲಿ ಲೆಕ್ಕ ಇರಲಿಲ್ಲ. 'ಅರ್ಥ ಆಗಲಿಲ್ಲ' ಎಂದು ತಾರೀಖು ಹಾಕಿ ಬರೆದಿತ್ತು. ಕೆಳಗೆ 'ಮತ್ತೆ ಫೇಲ್. ಅರ್ಥ ಆಗಲಿಲ್ಲ.' ಅದರ ಕೆಳಗೆ, ಐದು ತಿಂಗಳ ನಂತರದ ತಾರೀಖಿನಲ್ಲಿ, 'ಬಂತು.' ಪುಸ್ತಕದುದ್ದಕ್ಕೂ ಇದ್ದ ಅದೇ ಕೈಬರಹ ಮುದ್ದಮ್ಮನಿಗೆ ಪರಿಚಿತ. ಇಪ್ಪತ್ತು ವರ್ಷದ ಹಿಂದೆ ಆ ಹುಡುಗನ ರೆಕಾರ್ಡ್ ಪುಸ್ತಕಗಳಿಗೆ ಚೀಟಿ ಅಂಟಿಸಿದವರು ಅವರೇ. ಅವನೀಗ ಊರಿನಲ್ಲಿ ಎಲ್ಲರೂ ಎದ್ದುನಿಂತು ನಮಸ್ಕರಿಸುವ ಮನುಷ್ಯ.

ಅದೇ ಮನುಷ್ಯ ಆ ದಿನ ಅಂಗಡಿಗೆ ಬಂದರಂತೆ, ಬೇರೇನೋ ಕೆಲಸಕ್ಕೆ. ಮಣೆಯ ಮೇಲಿದ್ದ ಪುಸ್ತಕ ಎತ್ತಿಕೊಂಡು ಪುಟ ತಿರುಗಿಸಿದರು. ಆ ಪುಟಕ್ಕೆ ಬಂದು ತಡೆದರು. "ಇದನ್ನ್ಯಾಕೆ ಅಂಟಿಸ್ತಿದ್ದೀರಿ?" ಎಂದರು.

"ಒಂದು ಮಗ ಓದ್ತದೆ ಸಾ ಅಂದೆ. ಪುಸ್ತಕ ಮಡಗಿ, ನೀರು ಇಸ್ಕೊಂಡು ಕುಡುದ್ರು. ವೊಂಟೋದ್ರು. ತಂದಿದ್ದ ಕೆಲ್ಸ ಕೊಡೋದೇ ಮರ್ತಿದ್ರು."

ಯಾರೆಂದು ನಾನು ಕೇಳಲಿಲ್ಲ. ಗುರುತು ಹತ್ತುವಂಥದ್ದೇನೂ ಈ ಬರಹದಲ್ಲಿ ಉಳಿದಿಲ್ಲವೆಂದು ಎರಡು ಸಲ ಓದಿ ನೋಡಿದ್ದೇನೆ. ಬಿಂದುಶ್ರೀ ಬಂದಾಗಲೆಲ್ಲ ಕೇಳುತ್ತಾಳಂತೆ, ಅಂಚಿನಲ್ಲಿ ಬರೆದವರಿಗೊಂದು ನಮಸ್ಕಾರ ಹೇಳಬೇಕು ಅಜ್ಜಿ, ಯಾರು ಹೇಳಿ ಎಂದು. ಮೂಲೆಯಲ್ಲಿ ಅಂಟು ತಿರುಗಿಸುವ ಗಂಡನಿಗೂ ಮುದ್ದಮ್ಮ ಹೆಸರು ಹೇಳಿಲ್ಲ.

"ಫೇಲಾಗಿದ್ದು ಅವ್ರ ಮಾತು ಕಣಮ್ಮ. ಯೋಳದಾದ್ರೆ ಅವ್ರೇ ಯೋಳ್ಕೊಬೇಕು. ನಾನು ಯಾರ್ಗೂ ಯೋಳಾಕಿಲ್ಲ" ಎಂದು ಮುದ್ದಮ್ಮ ದಾರದ ತುದಿಯನ್ನು ಹಲ್ಲಿನಿಂದ ಕಡಿಯುತ್ತಾರೆ.